ವೇಟಿಂಗ್ ಲಿಸ್ಟ್ 9

ಪ್ರೀತಿಯ ದೋಸ್ತ,

ದೀಪಾವಳಿಗೆ ಬೆಳಗಾವಿಗೆ ಬರುತ್ತೀಯೋ ಇಲ್ಲವೋ ಅಂತ ನೀನು ಕೇಳಿದ್ದೆ. ನನಗೇ ಗೊತ್ತಿಲ್ಲ. ನಾಳೆ ರಾತ್ರಿಯ ರಾಣಿ ಚೆನ್ನಮ್ಮ ರೈಲಿನಲ್ಲಿ ಸ್ಲೀಪರ್ ಟಿಕೆಟ್ ಮಾಡಿಸಿದ್ದೇನೆ. ವೇಟಿಂಗ್ ಲಿಸ್ಟ್ 41 ಇದ್ದದ್ದು 9ಕ್ಕೆ ಬಂದು ನಿಂತಿದೆ.

ಮೊದಲು 120 ದಿನ ಮುಂಚೆ ಬುಕಿಂಗ್ ಶುರುವಾಗುತ್ತಿತ್ತು. 2024ರ ನವೆಂಬರ್‌ನಿಂದ ಅದು 60 ದಿನಕ್ಕೆ ಇಳಿಯಿತು. ಇಳಿದರೂ ನನಗೇನು ಲಾಭ? ನಮ್ಮ ಆಫೀಸಿನಲ್ಲಿ ರಜೆ ಕೊಡುವ ಹೊತ್ತಿಗೆ ಹಬ್ಬ ಬಾಗಿಲಿಗೇ ಬಂದಿರುತ್ತದೆ. ತತ್ಕಾಲ್, ಅಂದರೆ ಕೊನೆ ಗಳಿಗೆಯ ಬುಕಿಂಗ್, ಕೂಡ ನೋಡಿದೆ. ಸ್ಲೀಪರ್‌ಗೆ ಹಿಂದಿನ ದಿನ ಬೆಳಗ್ಗೆ 11ಕ್ಕೆ ಶುರು, ನನ್ನ ಸರದಿ ಬರುವಷ್ಟರಲ್ಲಿ ಖಾಲಿ.

ಒಂದು ವಿಷಯ ಮಾತ್ರ ಮನಸ್ಸಿಗೆ ಕಿರಿಕಿರಿ ಮಾಡುತ್ತಿದೆ. ನನ್ನ ನಂಬರ್ ಕೆಳಗಿಳಿಯಬೇಕಾದರೆ ಯಾರೋ ತಮ್ಮ ಟಿಕೆಟ್ ಕ್ಯಾನ್ಸಲ್ ಮಾಡಬೇಕು. ಹಬ್ಬಕ್ಕೆ ಹೊರಟವರು ಸುಮ್ನೆ ಕ್ಯಾನ್ಸಲ್ ಮಾಡುತ್ತಾರಾ? ಯಾರಿಗೋ ರಜೆ ಸಿಕ್ಕಿರಲಿಕ್ಕಿಲ್ಲ, ಯಾರದೋ ಮಗುವಿಗೆ ಜ್ವರ ಬಂದಿರಬಹುದು. ನಾನಿಲ್ಲಿ ಮೊಬೈಲ್ ತೆಗೆದು, 14 ಇದ್ದದ್ದು 9 ಆಯಿತು ಅಂತ ಖುಷಿಪಡುತ್ತೇನೆ! ಹಿಂದೆ ಕಾಯುವಾಗ ಕೈಯಲ್ಲಿ ಹೀಗೆ ನಂಬರ್ ಇರುತ್ತಿರಲಿಲ್ಲ. ಪೋಸ್ಟ್‌ಮ್ಯಾನ್ ಬಂದರೆ ಬಂದ, ಇಲ್ಲದಿದ್ದರೆ ನಮ್ಮ ಪಾಡಿಗೆ ನಾವು. ಈಗ ನೋಡಿದಷ್ಟೂ ನೋಡಬೇಕು ಅನ್ನಿಸುತ್ತದೆ. ಊಟದ ಮಧ್ಯೆ, ಮೀಟಿಂಗ್‌ನಲ್ಲಿ, ರಾತ್ರಿ ಎಚ್ಚರವಾದಾಗ.

ಆರ್‌ಎಸಿ, ಅಂದರೆ ಇಬ್ಬರಿಗೆ ಸೇರಿ ಒಂದು ಬರ್ತ್, ಆದರೂ ಸಾಕು ಎನ್ನುವ ಸ್ಥಿತಿಗೆ ಬಂದಿದ್ದೇನೆ. ಸೈಡ್ ಲೋವರ್‌ನಲ್ಲಿ ಇಬ್ಬರೂ ಎದುರುಬದುರು ಕೂತು, ಅರಸೀಕೆರೆ ದಾಟುವಷ್ಟರಲ್ಲಿ ಕಾಲು ಯಾರು ಚಾಚುವುದು ಅಂತ ಒಪ್ಪಂದ ಮಾಡಿಕೊಳ್ಳುವುದಿದೆಯಲ್ಲ, ರೈಲ್ವೆಯವರ ವ್ಯವಸ್ಥೆಗಳಲ್ಲಿ ನನಗೆ ಇದೇ ಜಾಸ್ತಿ ಇಷ್ಟ. ಅರ್ಧ ಸೀಟಾದರೂ ಗ್ಯಾರಂಟಿ ಅಲ್ವಾ. ಆನ್‌ಲೈನ್ ವೇಟಿಂಗ್ ಟಿಕೆಟ್ ಹಾಗಲ್ಲ. ಚಾರ್ಟ್, ಅಂದರೆ ಯಾರಿಗೆ ಯಾವ ಸೀಟು ಅನ್ನುವ ಪಟ್ಟಿ, ಆದ ಮೇಲೂ ಸೀಟು ಬರದಿದ್ದರೆ ತಾನಾಗಿಯೇ ರದ್ದಾಗುತ್ತದೆ, ಒಂದಿಷ್ಟು ಹಿಡಿದುಕೊಂಡು ದುಡ್ಡು ವಾಪಸ್ ಬರುತ್ತದೆ.

ಒಂದೇ ಸಮಾಧಾನ ಅಂದರೆ, ಮೊದಲು ರೈಲು ಹೊರಡುವ 4 ಗಂಟೆ ಮುಂಚೆ ಆಗುತ್ತಿದ್ದ ಚಾರ್ಟ್ 2025ರ ಜುಲೈನಿಂದ ಇನ್ನಷ್ಟು ಬೇಗ ಆಗುತ್ತಿದೆ. ಬ್ಯಾಗ್ ಹೆಗಲಿಗೇರಿಸಿ ಮೆಜೆಸ್ಟಿಕ್‌ನಲ್ಲಿ ನಿಂತು ಒದ್ದಾಡುವ ಕೆಲಸ ತಪ್ಪಿತು. ಮಧ್ಯಾಹ್ನವೇ ಗೊತ್ತಾದರೆ ಸಾರಿಗೆ ಬಸ್ಸಿಗಾದರೂ ಓಡಬಹುದು.

ಅವ್ವನಿಗೆ ಇನ್ನೂ ಏನೂ ಹೇಳಿಲ್ಲ. ಬರುತ್ತೇನೆ ಅಂದರೆ ಇವತ್ತೇ ಕರ್ಚಿಕಾಯಿಗೆ ಹೂರಣ ಹುರಿಯಲು ಕೂರುತ್ತಾಳೆ. ನೀನೂ ಬಾಯಿ ಬಿಡಬೇಡ. ಚಾರ್ಟ್ ಆದ ಕೂಡಲೇ ಫೋನ್ ಮಾಡುತ್ತೇನೆ. ಸ್ಟೇಷನ್ನಿಗೋ ಬಸ್ ಸ್ಟ್ಯಾಂಡಿಗೋ ಅಂತ ಆಗ ಹೇಳುತ್ತೇನೆ, ಗಾಡಿ ತಗೊಂಡು ಬಾ.

ನಿನ್ನ ಗೆಳೆಯ