ಸನ್ಮಾನದ ದಿನ ಹೇಳದೆ ಉಳಿದದ್ದು

ಜನವರಿ 31ಕ್ಕೆ ನಿವೃತ್ತನಾದೆ. ಕುಷ್ಟಗಿ ತಾಲ್ಲೂಕಿನ ನಮ್ಮ ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆಯಲ್ಲಿ ಶಾಲು, ಹಾರ, ಹಣ್ಣಿನ ಬುಟ್ಟಿ ಎಲ್ಲ ಆಯಿತು. ಮೈಕ್ ಕೈಗೆ ಬಂದಾಗ ಗಂಟಲು ಕಟ್ಟಿತು. ಊರವರಿಗೆ, ಶಾಲಾಭಿವೃದ್ಧಿ ಸಮಿತಿಯವರಿಗೆ (ಎಸ್‌ಡಿಎಂಸಿ), ಜೊತೆಗಿದ್ದ ಶಿಕ್ಷಕರಿಗೆ ಕೈ ಮುಗಿದು ಕೂತುಬಿಟ್ಟೆ. ಮನೆಗೆ ಬಂದು ಹಾರ ತೆಗೆಯುವಾಗ ನೆನಪಾಯಿತು, ಇಬ್ಬರನ್ನು ಬಿಟ್ಟೆನಲ್ಲ ಅಂತ. ಒಬ್ಬರು ನಮ್ಮ ಬಿಸಿಯೂಟದ ಅಡುಗೆಯ ಅಕ್ಕ, ಶಾಮಿಯಾನದ ಹಿಂದೆಯೇ ಪಾತ್ರೆ ತೊಳೆಯುತ್ತಿದ್ದರು. ಇನ್ನೊಬ್ಬರನ್ನು ನಾನು ಕಣ್ಣಾರೆ ಕಂಡೇ ಇಲ್ಲ, ವಿಪ್ರೊ ಕಂಪನಿಯ ಅಜೀಂ ಪ್ರೇಮ್‌ಜಿ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ನಾನು ಕೆಲಸಕ್ಕೆ ಸೇರಿದ ಹೊಸದರಲ್ಲಿ ಶಾಲೆಯಲ್ಲಿ ಊಟವೇ ಇರಲಿಲ್ಲ. ಆಮೇಲೆ ಮಗುವಿಗೆ ತಿಂಗಳಿಗೆ 3 ಕೆ.ಜಿ. ಅಕ್ಕಿ ಬಂತು. ಅಕ್ಕಿ ಕೊಡುವ ದಿನ ತರಗತಿ ತುಂಬಿರುತ್ತಿತ್ತು, ಮರುದಿನ ಅರ್ಧ ಖಾಲಿ. 2002ರಲ್ಲಿ ಅಕ್ಷರ ದಾಸೋಹದ ಬಿಸಿಯೂಟ ಮೊದಲು ಬಂದದ್ದು ಕೊಪ್ಪಳ, ರಾಯಚೂರು, ಬಳ್ಳಾರಿಯಂಥ ಈ ಕಡೆಯ ಜಿಲ್ಲೆಗಳಿಗೆ. ಅಪ್ಪ ಅವ್ವ ಗುಳೆ ಹೋದಾಗ ಅಜ್ಜಿ ಹತ್ತಿರ ಉಳಿಯುವ ಮಕ್ಕಳಿಗೆ ಅದು ಎಂಥ ಊಟ ಅಂತ ನಮ್ಮ ಕಡೆಯವರಿಗೆ ಬಿಡಿಸಿ ಹೇಳಬೇಕಿಲ್ಲ.

ಮೊಟ್ಟೆ, ಅಂದರೆ ನಮ್ಮ ತತ್ತಿ, ಬಂದದ್ದು 2021ರ ಡಿಸೆಂಬರ್‌ನಲ್ಲಿ. ಶಾಲೆಯಲ್ಲಿ ಮೊಟ್ಟೆ ಬೇಡ ಅಂತ ಆಗ ಎದ್ದ ಗದ್ದಲ ಎಲ್ಲರಿಗೂ ಗೊತ್ತು, ಬಿಡಿ. 2024ರಲ್ಲಿ ಅದು ವಾರಕ್ಕೆ ಆರು ದಿನ ಆಯಿತು. ಎರಡು ದಿನದ್ದು ಸರ್ಕಾರದ್ದು, ನಾಲ್ಕು ದಿನದ್ದು ಅಜೀಂ ಪ್ರೇಮ್‌ಜಿ ಫೌಂಡೇಷನ್‌ನದು. ಮೂರು ವರ್ಷಕ್ಕೆ ಸುಮಾರು 1,500 ಕೋಟಿ ರೂಪಾಯಿ.

ಕೋಟಿ ಲೆಕ್ಕ ನನ್ನ ತಲೆಗೆ ಹತ್ತುವುದಿಲ್ಲ. ನನ್ನದು ಟ್ರೇ ಲೆಕ್ಕ. ಟ್ರೇಗೆ 30, ನಮ್ಮ ಶಾಲೆಗೆ ದಿನಕ್ಕೆ ಆರು ಟ್ರೇ. ನೀರಿಗೆ ಒಂದು ಹಿಡಿ ಉಪ್ಪು ಹಾಕಿ ಒಂದೊಂದೇ ಮೆಲ್ಲಗೆ ಇಳಿಬಿಡಬೇಕು. ಬೆಂದ ಮೇಲೆ ತಣ್ಣೀರಿಗೆ. ತೀರಾ ತಾಜಾ ಇದ್ದರೆ ಕಷ್ಟ, ಸಿಪ್ಪೆಯ ಜೊತೆ ಬಿಳಿಯೂ ಕಿತ್ತುಬರುತ್ತದೆ. ಅಂಥದ್ದು ಸಿಕ್ಕ ಮಗು ಅಳುತ್ತದೆ, ಪಕ್ಕದವನದು ಗುಂಡಗಿದೆ ಅಂತ. ಹಾಗಾಗಿ ನಮ್ಮ ಅಡುಗೆಯ ಅಕ್ಕ ಹರಿದದ್ದನ್ನೆಲ್ಲ ಏಳನೇ ತರಗತಿಯವರಿಗೆ ಎತ್ತಿಡುತ್ತಿದ್ದರು. ಸಣ್ಣವರ ತಟ್ಟೆಗೆ ಗುಂಡಗಿನದೇ ಹೋಗಬೇಕು. ಸುಲಿದು ಸುಲಿದು ಅವರ ಹೆಬ್ಬೆರಳಿನ ಉಗುರುಸಂದಿ ಯಾವಾಗಲೂ ಕೆಂಪಗೇ ಇರುತ್ತಿತ್ತು.

ಒಂದು ತಪ್ಪನ್ನೂ ಒಪ್ಪಿಕೊಳ್ಳುತ್ತೇನೆ. ಒಂದು ಸಲ ತತ್ತಿಯ ದರ ಏರಿತು. ಪೇಟೆಗೆ ಹೋಗಿ ತರುವುದಕ್ಕೂ ಬೇಜಾರು. ತತ್ತಿ ತಿನ್ನದ ಮಕ್ಕಳಿಗೆ ಕೊಡುವ ಬಾಳೆಹಣ್ಣನ್ನೇ ಸುಮ್ನೆ ಎಲ್ಲರಿಗೂ ತಂದೆ. ಮೂರನೇ ದಿನ ಅಕ್ಕ ಕೇಳಿಯೇಬಿಟ್ಟರು: "ಸರ್, ತಿನ್ನಾವ್ರು ನೀವೋ, ಹುಡುಗ್ರೋ? ತತ್ತಿ ಬೇಕಂತ ಅವು ಕೈ ಎತ್ತಿದ್ದು ನೀವೂ ನೋಡೀರಿ." ಮರುದಿನ ಬೈಕಿಗೆ ಟ್ರೇ ಕಟ್ಟಿಕೊಂಡು ಬಂದೆ.

ದುಡ್ಡು ಯಾರದು ಅಂತ ಅಕ್ಕ ಒಮ್ಮೆ ಕೇಳಿದ್ದರು. ವಿಪ್ರೊ ಕಂಪನಿಯ ಪ್ರೇಮ್‌ಜಿ ಅಂದೆ. ತಿಳಿಯಲಿಲ್ಲ. ಸಂತೂರ್ ಸಾಬೂನಿನವರು ಅಂದೆ. "ಹಂಗಾರ ಗೊತ್ತು ಬಿಡ್ರಿ!" ಅವರೇ ಸರಿ ಅನ್ನಿ. ಆ ಕಂಪನಿ 1945ರಲ್ಲಿ ಶುರುವಾದದ್ದು ವನಸ್ಪತಿ ಎಣ್ಣೆಯಿಂದ, ಮಹಾರಾಷ್ಟ್ರದ ಅಮಳನೇರ್‌ನಲ್ಲಿ. ಕಂಪ್ಯೂಟರ್ ಎಲ್ಲ ಎಷ್ಟೋ ವರ್ಷ ಆದ ಮೇಲೆ. 1966ರಲ್ಲಿ ತಂದೆ ತೀರಿಕೊಂಡಾಗ ಪ್ರೇಮ್‌ಜಿಗೆ 21 ವರ್ಷ. ಸ್ಟ್ಯಾನ್‌ಫರ್ಡ್‌ನ ಓದು ಬಿಟ್ಟು ಬಂದರು. ಆ ಡಿಗ್ರಿ ಮುಗಿಸಿದ್ದು ಮೂವತ್ತಕ್ಕೂ ಹೆಚ್ಚು ವರ್ಷ ಆದ ಮೇಲೆ. 2019ರ ಹೊತ್ತಿಗೆ ಅವರು ದಾನಕ್ಕೆ ತೆಗೆದಿಟ್ಟದ್ದು 1.45 ಲಕ್ಷ ಕೋಟಿ ರೂಪಾಯಿಯಂತೆ. ಮೇಷ್ಟ್ರಾದ ನನಗೆ ಅದಕ್ಕಿಂತ ಜಾಸ್ತಿ ಹಿಡಿಸಿದ್ದು ಆ ಡಿಗ್ರಿಯ ವಿಷಯ. ಅರ್ಧಕ್ಕೆ ಶಾಲೆ ಬಿಟ್ಟ ಹುಡುಗರ ಮನೆಗೆ ಹೋದಾಗಲೆಲ್ಲ ಅದನ್ನೇ ಹೇಳುತ್ತಿದ್ದೆ. ಕೆಲವರು ಬಂದರು, ಕೆಲವರು ಬರಲಿಲ್ಲ.

ಪ್ರೇಮ್‌ಜಿಯವರೇ, ನಮ್ಮ ಮಕ್ಕಳ ಪರವಾಗಿ ನಮಸ್ಕಾರ.

ಅಕ್ಕನಿಗೆ ಮಾತ್ರ ಬರೆದು ಹೇಳಿದರೆ ಆಗಲ್ಲ ಅಲ್ವಾ? ಮೊನ್ನೆ ಶಾಲೆಗೇ ಹೋದೆ. ಅಡುಗೆಮನೆ ಬಾಗಿಲಲ್ಲಿ ನಿಂತು, ನಿಮ್ಮಿಂದ ಭಾಳ ಉಪಕಾರ ಆಯಿತು ಅಕ್ಕ, ಅಂದೆ. ಅವರು ಬುಟ್ಟಿಯನ್ನು ನನ್ನ ಕಡೆ ಸರಿಸಿದರು. "ಕುಂದ್ರಿ ಸರ್, ಇವತ್ತ ಇನ್ನೊಬ್ಬಾಕಿ ಬಂದಿಲ್ಲ. ಒಂದೀಟು ಸುಲೀರಿ."

ಇಪ್ಪತ್ತು ಸುಲಿದೆ. ಏಳು ಹರಿದವು.