ಎಂಆರ್‌ಪಿ ಮೇಲೊಂದು ತೆರಿಗೆ: ತಮ್ಮ ಮದ್ಯದಂಗಡಿಯ ಬಗ್ಗೆ ದೂರು

ಇವರಿಗೆ,
ವ್ಯವಸ್ಥಾಪಕ ನಿರ್ದೇಶಕರು
(ಕಂಪನಿಯ ಹೆಸರು ಈ ಪ್ರತಿಯಲ್ಲಿ ಹಾಕಿಲ್ಲ. ಸ್ಪೀಡ್ ಪೋಸ್ಟ್‌ನಲ್ಲಿ ನಿಮಗೆ ಬಂದ ಲಕೋಟೆಯ ಮೇಲಿದೆ.)

ವಿಷಯ: ಮೈಸೂರು ಕುವೆಂಪುನಗರದ ತಮ್ಮ ಮಳಿಗೆಯಲ್ಲಿ ಎಂಆರ್‌ಪಿಗಿಂತ ಜಾಸ್ತಿ ವಸೂಲಿ ಮಾಡುವುದು, ಬಿಲ್ ಕೊಡದಿರುವುದು, ಇಲ್ಲದ ತೆರಿಗೆಯ ಹೆಸರು ಹೇಳುವುದು.

ಮಾನ್ಯರೇ,

ಪತ್ರಕ್ಕೆ ಮೊದಲು ನಿಮ್ಮ ಬೋರ್ಡಿನ ಮೇಲಿರುವ ನಂಬರಿಗೆ ಫೋನ್ ಮಾಡಿ ನೋಡಿದೆ. ಎತ್ತಿದವರೆಲ್ಲ ತುಂಬಾ ಮರ್ಯಾದೆಯಿಂದ ಮಾತಾಡಿದರು. ‘ಮೇಲಿನವರಿಗೆ ಕಳಿಸಿದ್ದೀವಿ ಮೇಡಂ’ ಅಂದರು. ಕೊನೆಗೆ ಮೊನ್ನೆ ಒಂದು ಮೆಸೇಜ್ ಬಂತು. ನಿಮ್ಮ ದೂರು ಬಗೆಹರಿದಿದೆ, ನಮ್ಮ ಸೇವೆಗೆ ಎಷ್ಟು ಸ್ಟಾರ್ ಕೊಡುತ್ತೀರಿ ಅಂತ. ಯಾರ ಹತ್ತಿರ ಹೇಗೆ ಬಗೆಹರಿಯಿತೋ, ದೂರು ಕೊಟ್ಟ ನನಗೊಬ್ಬಳಿಗೆ ಗೊತ್ತಾಗಲಿಲ್ಲ. ಸ್ಟಾರ್ ಕೊಡುವ ಬದಲು ಈ ಪತ್ರ ಕೊಡುತ್ತಿದ್ದೇನೆ.

ಗಾಂಧಿ ಜಯಂತಿಯ ಹಿಂದಿನ ಸಂಜೆ ನಿಮ್ಮ ಅಂಗಡಿಗೆ ಒಂದು ಫುಲ್ ಬಾಟಲಿ ರಮ್ ತರಲು ಹೋಗಿದ್ದೆ. ಪ್ರತಿ ವರ್ಷ ಅಕ್ಟೋಬರ್ ಶುರುವಿನಲ್ಲಿ ಒಣದ್ರಾಕ್ಷಿ, ಚೆರ್ರಿ, ಕಿತ್ತಳೆ ಸಿಪ್ಪೆ ಎಲ್ಲ ಸೇರಿಸಿ ರಮ್‌ನಲ್ಲಿ ನೆನೆಹಾಕುತ್ತೇನೆ. ಡಿಸೆಂಬರಿನಲ್ಲಿ ಅದು ಕೇಕ್ ಆಗಿ ನೆಂಟರು, ಗೆಳತಿಯರ ಮನೆ ಸೇರುತ್ತದೆ. ಯಾಕೆ ಕೊಂಡೆ ಅನ್ನುವುದನ್ನು ನಿಮಗೆ ಹೇಳಬೇಕಾದ ಅಗತ್ಯ ನನಗಿಲ್ಲ. ನಿಮ್ಮ ಮ್ಯಾನೇಜರ್ ಕುತೂಹಲದಿಂದ ಕೇಳಿದ್ದರು, ಅದಕ್ಕೆ ಬರೆದೆ.

ಮಾರನೇ ದಿನ ಡ್ರೈ ಡೇ. ಆ ಸಂಜೆ ನಿಮ್ಮ ಕೌಂಟರ್ ಮುಂದೆ ಹೇಗಿರುತ್ತದೆ ಅಂತ ನಿಮಗೆ ಗೊತ್ತು. ಕಬ್ಬಿಣದ ಗ್ರಿಲ್, ಅದರಲ್ಲಿ ಕೈ ತೂರುವಷ್ಟು ಕಿಂಡಿ, ಹಿಂದೆ ರಸ್ತೆವರೆಗೂ ಗಂಡಸರು. ದೇವರಾಜ ಮಾರುಕಟ್ಟೆಯಲ್ಲಿ ತೂಗಿಸಿಕೊಂಡ ದ್ರಾಕ್ಷಿ ಚೀಲ ಹಿಡಿದು ನಿಂತಿದ್ದ ಹೆಂಗಸು ನಾನೊಬ್ಬಳೇ. ಅದರ ಬಗ್ಗೆ ನನಗೆ ದೂರಿಲ್ಲ. ಸಾಲಿನಲ್ಲಿದ್ದವರು ಯಾರೂ ಒಂದು ಮಾತು ಆಡಲಿಲ್ಲ, ಪಾಪ, ಜಾಗ ಬಿಟ್ಟೇ ನಿಂತಿದ್ದರು. ಅವಮಾನ ಆಗಿದ್ದು ಕಿಂಡಿಯ ಈಚೆಯಿಂದ ಅಲ್ಲ, ಆಚೆಯಿಂದ.

ಹುಡುಗ ಬಾಟಲಿ ಇಟ್ಟ. ನಾನು ತಿರುಗಿಸಿ ಲೇಬಲ್ ನೋಡಿದೆ. ಅವನು ಹೇಳಿದ್ದು ಲೇಬಲ್ ಬೆಲೆಗಿಂತ 20 ರೂಪಾಯಿ ಜಾಸ್ತಿ.

‘20 ರೂಪಾಯಿ ಯಾತಕ್ಕಪ್ಪ?’ ಅಂದೆ.

‘ಜಿಎಸ್‌ಟಿ ಮೇಡಂ.’

ಇಲ್ಲಿ ಒಂದು ವಿಷಯ ಹೇಳಲೇಬೇಕು. ನಾನು ಆಡಿಟರ್ ಆಫೀಸಿನಲ್ಲಿ ಕೆಲಸ ಮಾಡುವವಳು. 2017ರ ಜುಲೈ 1ರಿಂದ ಇವತ್ತಿನವರೆಗೆ ನಾನು ಮಾಡಿರುವುದೇ ಜಿಎಸ್‌ಟಿ ರಿಟರ್ನ್ ಹಾಕುವ ಕೆಲಸ. ಆ ಹುಡುಗನಿಗೆ ಗೊತ್ತಿಲ್ಲದೆ ಇರಬಹುದು, ನಿಮಗೆ ಗೊತ್ತಿಲ್ಲದೆ ಇಲ್ಲ: ಕುಡಿಯುವ ಮದ್ಯ ಜಿಎಸ್‌ಟಿ ವ್ಯಾಪ್ತಿಗೆ ಬಂದೇ ಇಲ್ಲ. ಸಂವಿಧಾನದ ತಿದ್ದುಪಡಿಯಲ್ಲೇ ಅದನ್ನು ಹೊರಗಿಟ್ಟಿದ್ದಾರೆ. ಹಾಗಂತ ಮೆಲ್ಲಗೆ ಹೇಳಿದೆ. ಹುಡುಗ ತಲೆ ಕೆರೆದುಕೊಂಡು ‘ಅಣ್ಣಾ’ ಅಂತ ಮ್ಯಾನೇಜರನ್ನು ಕರೆದ.

ಮ್ಯಾನೇಜರ್ ಬಂದರು. ಫೋನ್ ಕಿವಿಯಲ್ಲೇ ಇತ್ತು. ‘ಏನಂತೆ?’ ಅಂತ ಹುಡುಗನನ್ನು ಕೇಳಿದರು, ನನ್ನನ್ನಲ್ಲ.

‘ಜಿಎಸ್‌ಟಿ ಇಲ್ವಂತೆ ಅಣ್ಣ.’

‘ಜಿಎಸ್‌ಟಿ ಅಲ್ಲಮ್ಮ, ವ್ಯಾಟು’ ಅಂದರು ನನ್ನ ಕಡೆ ತಿರುಗಿ.

‘ಮದ್ಯದ ಮೇಲಿನ ವ್ಯಾಟ್ 2017ರ ಏಪ್ರಿಲ್‌ನಲ್ಲೇ ತೆಗೆದರಲ್ಲ ಸಾರ್, ಬದಲಿಗೆ ಅಬಕಾರಿ ಸುಂಕ ಏರಿಸಿದರು. ಅದು ಈ ಲೇಬಲ್ ಬೆಲೆಯೊಳಗೇ ಇದೆ’ ಅಂದೆ.

‘ಸರಿ, ಕೂಲಿಂಗ್ ಚಾರ್ಜು ಅಂದ್ಕೊಳ್ಳಿ.’

ಬಾಟಲಿ ಬಂದಿದ್ದು ಮರದ ಶೆಲ್ಫಿನಿಂದ. ಅದರ ಮೇಲೆ ಬೆರಳಿಟ್ಟರೆ ಧೂಳಿನಲ್ಲಿ ಗುರುತು ಮೂಡುತ್ತಿತ್ತು. ರಮ್‌ಗೆ ಯಾವ ಕೂಲಿಂಗ್ ಸಾರ್ ಅಂತ ಕೇಳಿದೆ. ಹಿಂದೆ ಯಾರೋ ಕಿಸಕ್ಕನೆ ನಕ್ಕರು. ಅಲ್ಲಿಗೆ ನಿಮ್ಮ ಮ್ಯಾನೇಜರಿಗೆ ಸಿಟ್ಟು ಬಂತು. ಫೋನ್ ಜೇಬಿಗೆ ಹಾಕಿದರು.

‘ನಿಮ್ಗ್ಯಾಕಮ್ಮ ಇದೆಲ್ಲ ಲೆಕ್ಕ? ಯಜಮಾನ್ರನ್ನ ಕಳ್ಸಿ, ಅವ್ರಿಗೆ ಗೊತ್ತಿರತ್ತೆ ರೇಟು.’

ನಮ್ಮ ಯಜಮಾನರು ಕುಡಿಯುವುದಿಲ್ಲ. ಬೆಂಡೆಕಾಯಿ ರೇಟೂ ಅವರಿಗೆ ಗೊತ್ತಿಲ್ಲ. ಅದನ್ನೆಲ್ಲ ಅಲ್ಲಿ ಹೇಳಲಿಲ್ಲ. ಬಿಲ್ ಕೊಡಿ, ನೀವು ಹೇಳಿದ ದುಡ್ಡೇ ಕೊಡುತ್ತೇನೆ ಅಂದೆ.

‘ಬಿಲ್ಲಾ? ಒಂದು ಬಾಟ್ಲಿಗೆ ಬಿಲ್ ಕೇಳೋರನ್ನ ನಾನ್ ಇವತ್ತೇ ನೋಡಿದ್ದು. ಏನ್ ಮಾಡ್ತೀರಾ ಅದನ್ನ, ಫ್ರೇಮ್ ಹಾಕಿಸ್ತೀರಾ?’ ಅಂದು, ನನ್ನ ಹಿಂದಿದ್ದವರ ಕಡೆ ನೋಡಿ ಜೋರಾಗಿ, ‘ನೋಡ್ರಪ್ಪಾ, 20 ರೂಪಾಯಿಗೋಸ್ಕರ ಅಮ್ಮಾವ್ರು ನಿಮ್ಮನ್ನೆಲ್ಲ ನಿಲ್ಲಿಸವ್ರೆ’ ಅಂದರು. ಆ ಸಾಲಿನಲ್ಲಿ ನಮ್ಮ ಬೀದಿಯ ಹುಡುಗನೊಬ್ಬನಿದ್ದ. ಚಿಕ್ಕವನಿದ್ದಾಗ ನಮ್ಮ ಮನೆಗೆ ಟ್ಯೂಷನ್‌ಗೆ ಬರುತ್ತಿದ್ದವನು. ಅವನು ನನ್ನನ್ನು ನೋಡಿಲ್ಲ ಅನ್ನುವ ಹಾಗೆ ಕತ್ತು ತಿರುಗಿಸಿ ಎದುರಿನ ಎಳನೀರು ಗಾಡಿ ನೋಡುತ್ತಾ ನಿಂತ. ನನ್ನ ಮರ್ಯಾದೆ ಉಳಿಸಲು ನೋಡಿದವನು ಅಲ್ಲಿ ಅವನೊಬ್ಬನೇ.

ನಾನು ಯುಪಿಐನಲ್ಲಿ ದುಡ್ಡು ಹಾಕಿದೆ. ಹಾಕುವಾಗ ‘ಸ್ಕ್ಯಾನ್ ಮಾಡಿದ್ರೆ ನಮ್ಗೆ ಚಾರ್ಜ್ ಬೀಳತ್ತೆ, ಅದ್ಕೇ ಜಾಸ್ತಿ’ ಅಂತ ನಾಲ್ಕನೇ ಕಾರಣವೂ ಬಂತು. ಬ್ಯಾಂಕ್ ಖಾತೆಯಿಂದ ನೇರವಾಗಿ ಹೋಗುವ ಯುಪಿಐ ಪಾವತಿಗೆ ಅಂಗಡಿಯವರು ಶುಲ್ಕ ಕಟ್ಟುವುದು 2020ರ ಜನವರಿಯಿಂದಲೇ ಇಲ್ಲ ಸ್ವಾಮಿ. ಆದರೆ ಅಷ್ಟು ಹೊತ್ತಿಗೆ ನನಗೇ ಸಾಕಾಗಿತ್ತು.

ಈಗ ಲೆಕ್ಕಕ್ಕೆ ಬರೋಣ. ನಿಮಗೆ ಹೇಳಿಕೊಡುವ ಉದ್ದೇಶವಲ್ಲ, ಸಿಎಲ್-2, ಅಂದರೆ ಚಿಲ್ಲರೆ ಮದ್ಯದಂಗಡಿಯ ಲೈಸೆನ್ಸ್ ಇಟ್ಟುಕೊಂಡವರಿಗೆ ಇದೆಲ್ಲ ಬಾಯಿಪಾಠ ಇರಬೇಕು. ಡಿಸ್ಟಿಲರಿಯವರು ತಮ್ಮ ಬೆಲೆ ಘೋಷಿಸುತ್ತಾರೆ. ಅದರ ಮೇಲೆ ಅಬಕಾರಿ ಸುಂಕ. ಆಮೇಲೆ ಆ ಬೆಲೆ ಯಾವ ಸ್ಲ್ಯಾಬಿಗೆ, ಅಂದರೆ ಬೆಲೆಯ ಹಂತಕ್ಕೆ, ಬೀಳುತ್ತದೋ ನೋಡಿ ಲೀಟರಿಗೆ ಇಷ್ಟು ಅಂತ ಹೆಚ್ಚುವರಿ ಅಬಕಾರಿ ಸುಂಕ. ಮೊದಲು 18 ಸ್ಲ್ಯಾಬ್ ಇದ್ದವು, 2024ರಲ್ಲಿ 16 ಮಾಡಿದರು. ಬಿಯರಿನದು ಶೇಕಡಾ ಲೆಕ್ಕ: 2023ರಲ್ಲಿ 175 ಇದ್ದದ್ದು 185 ಆಯಿತು, 2025ರ ಜನವರಿಯಲ್ಲಿ 195. ಶೇಕಡಾ ನೂರು ದಾಟಿತು ಅಂದರೆ ಸರಕಿಗಿಂತ ಸುಂಕವೇ ಜಾಸ್ತಿ, ಮೂಗಿಗಿಂತ ಮೂಗುತಿ ಭಾರ. ಇದು ಸರಿಯೋ ತಪ್ಪೋ ಅಂತ ನಾನು ವಿಧಾನಸೌಧದವರನ್ನು ಕೇಳಬೇಕು, ನಿಮ್ಮನ್ನಲ್ಲ. ಇಷ್ಟೆಲ್ಲ ಆದಮೇಲೆ ರಾಜ್ಯ ಪಾನೀಯ ನಿಗಮದ ಮಾರ್ಜಿನ್. 2003ರಿಂದ ಸಗಟು ವ್ಯಾಪಾರ ಪೂರ್ತಿ ಅವರದೇ. ಕೊನೆಗೆ ನಿಮ್ಮ ಮಾರ್ಜಿನ್. ಎಲ್ಲ ಕೂಡಿಸಿ ಬಂದಿದ್ದೇ ಲೇಬಲ್ ಮೇಲಿನ ಎಂಆರ್‌ಪಿ. ‘ಎಲ್ಲ ತೆರಿಗೆ ಸೇರಿ’ ಅಂತ ಅದರ ಪಕ್ಕದಲ್ಲೇ ಇರುತ್ತದೆ.

ನೀವು ನಿಗಮದ ಡಿಪೋದಿಂದ ಬಾಟಲಿಗಳ ಕೇಸ್ ಎತ್ತುವ ಮೊದಲೇ ನಿಗಮಕ್ಕೆ ದುಡ್ಡು ಕಟ್ಟಿರುತ್ತೀರಿ. ಅಂದರೆ ಬಾಟಲಿ ನಿಮ್ಮ ಶೆಲ್ಫಿಗೆ ಬರುವ ಹೊತ್ತಿಗೆ ಸರ್ಕಾರದ ಪಾಲು ಸರ್ಕಾರಕ್ಕೆ ಹೋಗಿ ಮುಗಿದಿದೆ. ಕೌಂಟರಿನಲ್ಲಿ ಹೊಸದಾಗಿ ಹುಟ್ಟುವ ತೆರಿಗೆ ಅಂತ ಯಾವುದೂ ಇಲ್ಲ. ನನ್ನ 20 ರೂಪಾಯಿ ಖಜಾನೆಗೆ ಹೋಗಲಿಲ್ಲ, ನಿಮ್ಮ ಗಲ್ಲಾಪೆಟ್ಟಿಗೆಗೆ ಹೋಯಿತು. ಮಾರ್ಜಿನ್ ಸಾಲದು, ಜಾಸ್ತಿ ಮಾಡಿ ಅಂತ ಮದ್ಯ ವ್ಯಾಪಾರಿಗಳು ಸರ್ಕಾರವನ್ನು ಕೇಳುತ್ತಿರುವುದು ಪೇಪರಿನಲ್ಲಿ ಓದಿದ್ದೇನೆ. ಕೇಳಿ, ಬೇಡ ಅನ್ನುವುದಿಲ್ಲ. ಬಾಡಿಗೆ, ಕರೆಂಟು, ಹುಡುಗರ ಸಂಬಳ, ಲೈಸೆನ್ಸ್ ಫೀ ಎಲ್ಲ ಇರುತ್ತದೆ. ಆದರೆ ಸರ್ಕಾರ ಕೊಡದಿದ್ದನ್ನು ನನ್ನ ಕೈಯಿಂದ ಕಿತ್ತುಕೊಂಡು ಸರ್ಕಾರದ್ದೇ ಹೆಸರು ಹೇಳುತ್ತೀರಲ್ಲ, ಆ ಧೈರ್ಯಕ್ಕೆ ಮೆಚ್ಚಬೇಕು.

‘ಬಾರ್‌ಗೆ ಹೋಗಿ ನೋಡಿ, ಇನ್ನೂ ಜಾಸ್ತಿ ಕೊಡಬೇಕು’ ಅಂತ ನಿಮ್ಮ ಕಾಲ್ ಸೆಂಟರಿನವರು ಹೇಳಿದರು. ನಿಜ. ಸಿಎಲ್-9ನವರು, ಅಂದರೆ ಬಾರ್ ಲೈಸೆನ್ಸಿನವರು, ಟೇಬಲ್ ಹಾಕುತ್ತಾರೆ, ಗ್ಲಾಸು, ಸೋಡಾ, ಫ್ಯಾನು ಕೊಡುತ್ತಾರೆ, ಕಡಲೆಬೀಜ ತಂದಿಡುತ್ತಾರೆ. ಹೋಟೆಲಿನಲ್ಲಿ ನೀರಿನ ಬಾಟಲಿಗೆ ಎಂಆರ್‌ಪಿಗಿಂತ ಜಾಸ್ತಿ ತೆಗೆದುಕೊಳ್ಳಬಹುದು, ಯಾಕಂದರೆ ಅಲ್ಲಿ ಸೇವೆಯೂ ಸೇರಿದೆ ಅಂತ 2017ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ. ನಿಮ್ಮಲ್ಲಿ ನನಗೆ ಸಿಕ್ಕ ಸೇವೆ ಯಾವುದು? ಕಿಂಡಿಯೋ, ಬೈಗುಳವೋ?

ಇನ್ನೊಂದು ನೆನಪಾಯಿತು, ಇದು ಆ ಸಂಜೆಯದಲ್ಲ. 2023ರ ಜುಲೈನಲ್ಲಿ ಹೆಚ್ಚುವರಿ ಸುಂಕ ಶೇ 20ರಷ್ಟು ಏರಿದಾಗ ನಿಮ್ಮ ಅಂಗಡಿಯಲ್ಲಿ ಹಳೇ ಲೇಬಲ್ ಬಾಟಲಿಗೂ ಹೊಸ ರೇಟು ಹೇಳಿದ್ದರು. 2024ರ ಆಗಸ್ಟ್ ಕೊನೆಯಲ್ಲಿ ದುಬಾರಿ ಬ್ರ್ಯಾಂಡುಗಳ ರೇಟು ಇಳಿಯಿತು. ನನ್ನ ತಮ್ಮ ವಿಸ್ಕಿ ಕೊಳ್ಳಲು ಬಂದರೆ ‘ಹಳೇ ಸ್ಟಾಕ್ ಸಾರ್, ಹಳೇ ರೇಟು’ ಅಂದಿರಿ. ಏರುವಾಗ ಒಂದೇ ರಾತ್ರಿಗೆ ಮಾಯವಾಗುವ ಹಳೇ ಸ್ಟಾಕು ಇಳಿಯುವಾಗ ವಾರಗಟ್ಟಲೆ ಹೇಗೆ ಉಳಿಯುತ್ತದೆ? ನಿಮ್ಮ ಗೋಡೌನು ಒಮ್ಮೆ ನೋಡಬೇಕು ಅನ್ನಿಸುತ್ತದೆ.

ನನ್ನ ಮುಂದೆ ನಿಂತಿದ್ದವರು ಗಾರೆ ಕೆಲಸದವರು, ಕೈಯಲ್ಲಿ ಸಿಮೆಂಟ್ ಒಣಗಿತ್ತು. 90 ಎಂಎಲ್ ಪ್ಯಾಕೆಟ್ ಕೇಳಿದರು. 80 ರೂಪಾಯಿಯದಕ್ಕೆ 85 ತೆಗೆದುಕೊಂಡಿರಿ. ಅವರು ಪ್ಯಾಕೆಟ್ ತಿರುಗಿಸಿ ನೋಡಲೂ ಇಲ್ಲ. 80ಕ್ಕೆ 5 ಅಂದರೆ ಶೇ 6ಕ್ಕೂ ಜಾಸ್ತಿ. ನನ್ನ ಬಾಟಲಿಗೆ ನೀವು ಹಾಕಿದ್ದು ಶೇ 3ರ ಆಸುಪಾಸು. ಫ್ರೇಮ್ ಹಾಕಿಸುತ್ತೀರಾ ಅಂತ ಕೇಳಿಸಿಕೊಂಡ ನನಗಿಂತ, ಏನೂ ಕೇಳದೆ ಕೊಟ್ಟು ಹೋದವರ ಜೇಬಿಗೇ ದೊಡ್ಡ ಕತ್ತರಿ. ಸರ್ಕಾರದ ಸ್ಲ್ಯಾಬಿನಲ್ಲಾದರೂ ಅಗ್ಗದ್ದಕ್ಕೆ ಕಡಿಮೆ, ದುಬಾರಿಯದಕ್ಕೆ ಜಾಸ್ತಿ ಅಂತ ಒಂದು ಕ್ರಮ ಇದೆ. ನಿಮ್ಮ ಸ್ಲ್ಯಾಬಿನಲ್ಲಿ ಅದೂ ಉಲ್ಟಾ.

ಎಂಆರ್‌ಪಿ ಮೀರಿ ಮಾರುವುದರ ಬಗ್ಗೆ ಪ್ಯಾಕೇಜ್ಡ್ ಕಮಾಡಿಟೀಸ್ ನಿಯಮ 18(2) ಏನು ಹೇಳುತ್ತದೆ ಅಂತ ಬಿಡಿಸಿ ಬರೆಯುವುದಿಲ್ಲ. ಬಿಲ್ ಕೊಡದಿರುವುದು 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯಲ್ಲಿ ಅನುಚಿತ ವ್ಯಾಪಾರ ಪದ್ಧತಿ ಅಂತ ಸ್ಪಷ್ಟವಾಗಿದೆ. ಅದನ್ನೂ ನಿಮ್ಮ ವಕೀಲರು ಹೇಳಲಿ, ಫೀಸು ತೆಗೆದುಕೊಳ್ಳುತ್ತಾರಲ್ಲ.

ದಯವಿಟ್ಟು ನನ್ನ 20 ರೂಪಾಯಿ ವಾಪಸ್ ಕಳಿಸಬೇಡಿ. ಗಿಫ್ಟ್ ವೋಚರ್ ಕೊಡುತ್ತೇವೆ ಅಂತ ಫೋನ್ ಮಾಡಲೂಬೇಡಿ. ಯುಪಿಐ ಎಂಟ್ರಿ ನನ್ನ ಹತ್ತಿರ ಇದೆ. ಎಂಆರ್‌ಪಿ ಕಾಣುವ ಹಾಗೆ ಲೇಬಲ್ಲಿನ ಫೋಟೋ, ಅಬಕಾರಿ ಇಲಾಖೆಯ ಹಾಲೋಗ್ರಾಂ ಸ್ಟಿಕರಿನ ಫೋಟೋ ಕೂಡ ಇದೆ. ಎರಡೂ ಬೆಲೆ ಪಕ್ಕ ಪಕ್ಕ ಇಟ್ಟರೆ ನಾನು ಬಾಯಿ ತೆರೆಯುವ ಅಗತ್ಯವೇ ಬರುವುದಿಲ್ಲ. ಈ ಪತ್ರದ ಪ್ರತಿಗಳು ಮೈಸೂರಿನ ಅಬಕಾರಿ ಉಪ ಆಯುಕ್ತರಿಗೂ ತೂಕ, ಅಳತೆ, ಎಂಆರ್‌ಪಿ ನೋಡಿಕೊಳ್ಳುವ ಕಾನೂನು ಮಾಪನಶಾಸ್ತ್ರ ಇಲಾಖೆಗೂ ಹೋಗಿವೆ. ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೂ ದೂರು ಕೊಟ್ಟಿದ್ದೇನೆ. ಜಿಲ್ಲಾ ಗ್ರಾಹಕರ ಆಯೋಗಕ್ಕೆ ಅರ್ಜಿ ರೆಡಿ ಇದೆ. ಸಾಮಾನಿನ ಬೆಲೆ 5 ಲಕ್ಷದವರೆಗೆ ಇದ್ದರೆ ಅಲ್ಲಿ ಶುಲ್ಕವೂ ಇಲ್ಲ, ವಾದ ಮಾಡಲು ವಕೀಲರೂ ಬೇಕಿಲ್ಲ. ರಿಟರ್ನ್ ಹಾಕುವ ಕೊನೇ ತಾರೀಕು ಇಲ್ಲದ ದಿನ ಯಾವ ಡೇಟ್ ಕೊಟ್ಟರೂ ನಾನು ಬರುತ್ತೇನೆ.

ಆಯೋಗದ್ದು ಆಯೋಗ ನೋಡಿಕೊಳ್ಳಲಿ. ಜನವರಿ 26 ಡ್ರೈ ಡೇ ಅಲ್ವಾ? ಹಿಂದಿನ ಸಂಜೆ ನಿಮ್ಮ ಕಿಂಡಿ ಪಕ್ಕದಲ್ಲೇ ನಾನು ನಿಂತಿರುತ್ತೇನೆ. ಏನೂ ಕೊಳ್ಳುವುದಿಲ್ಲ, ಜಗಳವೂ ಆಡುವುದಿಲ್ಲ. ಬಾಟಲಿ ತೆಗೆದುಕೊಂಡು ತಿರುಗಿದವರಿಗೆಲ್ಲ ಲೇಬಲ್ ಮೇಲಿನ ರೇಟು ಜೋರಾಗಿ ಓದಿ ಹೇಳುತ್ತೇನೆ. ನನಗೆ ಗಂಟಲು ಚೆನ್ನಾಗಿದೆ. ಟ್ಯೂಷನ್ ಹುಡುಗನೂ ಬರುತ್ತೇನೆ ಅಂದಿದ್ದಾನೆ.

ಇಂತಿ,
ಬಿಲ್ ಕೇಳಿದ ಅಮ್ಮಾವ್ರು
ಕುವೆಂಪುನಗರ, ಮೈಸೂರು