ಎಂಟನೇ ತರಗತಿಯ ‘ನುಡಿ ಪಂಚಾಂಗ’: ಪೋಷಕರಿಗೆ ಪತ್ರ

ಮಾನ್ಯ ಪೋಷಕರೇ,

ನಮಸ್ಕಾರ. ಜೂನ್ 1ರಿಂದ ಎಂಟನೇ ತರಗತಿಯ ಗೋಡೆಗೆ ಒಂದು ಕಾಲ್ಪನಿಕ ಪಂಚಾಂಗ ಏರಲಿದೆ. ಅದರಲ್ಲಿ ತಿಥಿ, ನಕ್ಷತ್ರಗಳಿಲ್ಲ. ಕನ್ನಡ ನುಡಿ ಬದಲಾಗುತ್ತ ಬಂದ ಹಾದಿಯೇ ಅದರ ಕಾಲಮಾನ. ಈ ಕೆಲಸ ನಿಮ್ಮ ಮನೆಗೂ ಬರುವುದರಿಂದ ಅದರ ವಿವರ ಬರೆಯುತ್ತಿದ್ದೇವೆ.

ಹಾಸನ ಜಿಲ್ಲೆಯ ಹಲ್ಮಿಡಿ ಶಾಸನದ ಕಾಲ ಸುಮಾರು ಕ್ರಿ.ಶ. 450. ಅಲ್ಲಿಂದ 2050ರವರೆಗೆ 1600 ವರ್ಷ. ಆ ಶಾಸನದಲ್ಲಿರುವುದು 16 ಸಾಲು, ನಮ್ಮ ಪಂಚಾಂಗಕ್ಕೂ 16 ತಿಂಗಳು. ಒಂದು ತಿಂಗಳೆಂದರೆ 100 ವರ್ಷ, ಒಂದು ದಿನವೆಂದರೆ 5 ವರ್ಷ, ತಿಂಗಳಿಗೆ 20 ದಿನ. ಒಟ್ಟು 320 ದಿನಗಳು ಏಪ್ರಿಲ್ 16ಕ್ಕೆ ಮುಗಿಯುತ್ತವೆ. ಉಳಿಯುವ 45 ದಿನ ಹೆಚ್ಚುಕಡಿಮೆ ಬೇಸಿಗೆ ರಜೆಯಲ್ಲೇ ಬೀಳುತ್ತವೆ. ಅವು ಶಾಸನಕ್ಕೂ ಹಿಂದಿನ, ಜನ ಆಡುತ್ತಿದ್ದರೂ ಕಲ್ಲಿನ ಮೇಲೆ ಅಪರೂಪವಾದ ಕನ್ನಡದ ದಿನಗಳು. ಅವುಗಳ ಹಾಳೆ ಖಾಲಿಯಾಗಿಯೇ ಇರುತ್ತದೆ.

ಯಾವುದೇ ಇಸವಿಯನ್ನು ನುಡಿ ದಿನಕ್ಕೆ ತರಲು ಅದರಿಂದ 450 ಕಳೆದು 5ರಿಂದ ಭಾಗಿಸಬೇಕು. ಬಂದ ಪೂರ್ಣಾಂಕವನ್ನು 20ರಿಂದ ಭಾಗಿಸಿ, ಭಾಗಲಬ್ಧಕ್ಕೂ ಶೇಷಕ್ಕೂ ಒಂದೊಂದು ಕೂಡಿಸಬೇಕು. ಪಂಪ ‘ಆದಿಪುರಾಣ’ದಲ್ಲಿ ಆ ಕಾವ್ಯದ ಕಾಲ ಶಕ 863 ಎಂದು ತಾನೇ ಹೇಳಿದ್ದಾನೆ. ಅದಕ್ಕೆ 78 ಸೇರಿಸಿದರೆ 941. ಅದರಲ್ಲಿ 450 ಕಳೆದರೆ 491, ಐದರಿಂದ ಭಾಗಿಸಿದರೆ ಪೂರ್ಣಾಂಕ 98. ಇಪ್ಪತ್ತರ ನಾಲ್ಕು ಪಾಲು ಹೋಗಿ 18 ಉಳಿಯುತ್ತದೆ. ಹಾಗಾಗಿ ಪಂಪನದು ಐದನೇ ತಿಂಗಳ 19ನೇ ದಿನ, ನಮ್ಮ ಸೆಪ್ಟೆಂಬರ್ 7. ಭಾಗಲಬ್ಧಕ್ಕೆ ಒಂದು ಕೂಡಿಸುವುದನ್ನು ಮರೆತರೆ ಪಂಪ ಒಂದು ತಿಂಗಳು ಹಿಂದಕ್ಕೆ ಹೋಗಿಬಿಡುತ್ತಾನೆ. ಮನೆಯಲ್ಲಿ ಲೆಕ್ಕ ನೋಡುವವರು ಇದೊಂದನ್ನು ಗಮನಿಸಿ. ‘ಸುಮಾರು’ ಎಂದಿರುವ ಇಸವಿಗಳನ್ನು ಪೆನ್ಸಿಲ್ಲಿನಲ್ಲೇ ಬರೆಯಲಿ, ಖಚಿತವಾದವಕ್ಕೆ ಮಾತ್ರ ಸ್ಕೆಚ್ ಪೆನ್.

ಇಸವಿ ಗುರುತಿಸುವುದು ಸುಲಭ. ಕಷ್ಟವಿರುವುದು ಮಾತಿನ ಬದಲಾವಣೆಯನ್ನು ಗುರುತಿಸುವುದರಲ್ಲಿ. ಪಾಲ್ ಎಂಬುದು ಹಾಲು ಆಯಿತು, ಪುಲಿ ಹುಲಿಯಾಯಿತು. ಪಾನುಂಗಲ್ ಇಂದಿನ ಹಾನಗಲ್. ಆದರೆ ಪಕಾರ ಒಂದು ಬೆಳಗ್ಗೆ ಎದ್ದು ಹಕಾರವಾಗಲಿಲ್ಲ. ಸುಮಾರು ಹತ್ತನೇ ಶತಮಾನದಿಂದ ಹದಿನಾಲ್ಕರವರೆಗೆ ಎರಡೂ ಜೊತೆಜೊತೆಗೆ ಓಡಾಡಿವೆ. ಜನರ ಬಾಯಲ್ಲಿ ಹಕಾರ ಬಂದ ಮೇಲೂ ಕವಿಗಳು ಪಕಾರ ಬಿಡಲಿಲ್ಲ. ಆದ್ದರಿಂದ ಇಂಥ ಬದಲಾವಣೆಗೆ ಒಂದೇ ಚೌಕದಲ್ಲಿ ಚುಕ್ಕಿ ಇಡುವುದು ತಪ್ಪು. ಹಲವು ತಿಂಗಳಿಗೆ ಹರಡುವಂತೆ, ಒಂದು ಸೆಂಟಿಮೀಟರ್ ಅಗಲದ ಬಣ್ಣದ ಕಾಗದದ ಪಟ್ಟಿ ಅಂಟಿಸಬೇಕು.

ಈಗ ಬಳಕೆಯಲ್ಲಿಲ್ಲದ ಹಳಗನ್ನಡದ ಅಕ್ಷರ ೞಕಾರದ್ದೂ ಇದೇ ಕಥೆ. ಬಾೞೆ ಬಾಳೆಯಾಯಿತು, ಏೞು ಏಳಾಯಿತು. ಹದಿಮೂರನೇ ಶತಮಾನದ ಕೇಶಿರಾಜ ತನ್ನ ವ್ಯಾಕರಣ ಗ್ರಂಥ ‘ಶಬ್ದಮಣಿದರ್ಪಣ’ದಲ್ಲಿ ೞಕಾರವಿರುವ ಪದಗಳನ್ನು ಪಟ್ಟಿ ಮಾಡಿಕೊಟ್ಟಿದ್ದಾನೆ. ನಾಲಿಗೆಯ ಮೇಲೆ ಇನ್ನೂ ಇರುವ ಅಕ್ಷರಕ್ಕೆ ಪಟ್ಟಿ ಯಾಕೆ ಬೇಕಾಯಿತು ಎಂದು ಮಕ್ಕಳನ್ನು ಕೇಳಿ ನೋಡಿ. ೞ, ಅದರಂತೆಯೇ ಬಳಕೆ ತಪ್ಪಿದ ಱ, ಎರಡನ್ನೂ ಕೈಯಲ್ಲೇ ಬರೆಯಿಸಿ, ಕೆಲವು ಮೊಬೈಲ್‌ಗಳಲ್ಲಿ ಅವು ಖಾಲಿ ಡಬ್ಬಿಯಾಗಿ ಕಾಣುತ್ತವೆ.

ಪಂಚಾಂಗದ ದಿನಗಳು ಸಮ, ನುಡಿಯ ನಡಿಗೆ ಸಮವಲ್ಲ. ಅಮೆರಿಕದ ಭಾಷಾವಿಜ್ಞಾನಿ ಮಾರಿಸ್ ಸ್ವಾದೇಶ್ 1950ರ ದಶಕದಲ್ಲಿ, ನೂರು ಮೂಲ ಪದಗಳಲ್ಲಿ ಸಾವಿರ ವರ್ಷಕ್ಕೆ ಸುಮಾರು 86 ಉಳಿಯುತ್ತವೆಂದು ಲೆಕ್ಕ ಹಾಕಿದರು. ಐಸ್‌ಲ್ಯಾಂಡಿನ ನುಡಿ ಅದಕ್ಕಿಂತ ಬಹಳ ನಿಧಾನವಾಗಿ ಬದಲಾಗಿದೆ ಎಂದು 1962ರಲ್ಲಿ ನಾರ್ವೆಯ ವಿದ್ವಾಂಸರಿಬ್ಬರು ತೋರಿಸಿದರು. ಹೀಗಾಗಿ ನಮ್ಮ ಗೋಡೆಯ ಮೇಲೆ ಕೆಲವು ಹಾಳೆ ತುಂಬಿ ತುಳುಕಿದರೆ ಕೆಲವು ಬಿಕೋ ಎನ್ನುತ್ತವೆ. ಅಂದಕ್ಕೆಂದು ಯಾವುದನ್ನೂ ತುಂಬಿಸಬೇಡಿ.

ಇನ್ನು ನಿಮ್ಮ ಪಾಲಿನ ಕೆಲಸ. ಅಜ್ಜ, ಅಜ್ಜಿ, ನೆರೆಯವರು ಆಡುವ ಐದು ಪದಗಳನ್ನು ಮಗು ಐದು ಚೀಟಿಯಲ್ಲಿ ಬರೆದು ತರಬೇಕು: ಪದ, ಅರ್ಥ, ಹೇಳಿದವರ ಊರು. ಹೆಸರು ಬೇಡ. ದಯವಿಟ್ಟು ಆ ಪದಗಳನ್ನು ಪುಸ್ತಕದ ಭಾಷೆಗೆ ತಿದ್ದಬೇಡಿ. ಅಜ್ಜಿ ‘ಆಲು’ ಅಂದರೆ ‘ಆಲು’ ಎಂದೇ ಬರೆಯಲಿ. ಪಾಲ್ ಹಾಲು ಆದದ್ದು ಹಳೆಯ ಹೆಜ್ಜೆ, ಹಾಲು ಆಲು ಆಗುವುದು ಅದರ ಮುಂದಿನದು. ಮೊದಲನೆಯದನ್ನು ವ್ಯಾಕರಣವೆಂದು ಕಲಿಸಿ ಎರಡನೆಯದಕ್ಕೆ ಮಗುವನ್ನು ನಗೆಪಾಟಲು ಮಾಡುವುದು ನ್ಯಾಯವಲ್ಲ. ಪರೀಕ್ಷೆಯಲ್ಲಿ ‘ಹಾಲು’ ಎಂದೇ ಬರೆಯಬೇಕು, ಅದನ್ನು ನಾವು ಕಲಿಸುತ್ತೇವೆ. ಮನೆಯ ಮಾತಿಗೆ ಮಗು ನಾಚಿಕೊಳ್ಳುವಂತೆ ಮಾಡುವುದಿಲ್ಲ.

ಪ್ರತಿ ಗುಂಪಿಗೆ ಬೇಕಾದದ್ದು ನಾಲ್ಕು ಡ್ರಾಯಿಂಗ್ ಶೀಟ್, ಒಂದು ಅಡಿಪಟ್ಟಿ, ಪೆನ್ಸಿಲ್ ಮತ್ತು ಗೋಂದು. ಒಂದು ಹಾಳೆಗೆ 5 ಸೆಂ.ಮೀ.ನ 20 ಚೌಕ, ಅಡ್ಡ ಐದು, ಉದ್ದ ನಾಲ್ಕು. ಅಂಗಡಿಯಲ್ಲಿ ಪ್ರಿಂಟ್ ಹಾಕಿಸಬೇಡಿ, ಪಟ್ಟಿಗಳನ್ನು ಆಗಾಗ ಕಿತ್ತು ಜರುಗಿಸಬೇಕಾಗುತ್ತದೆ. ಹದಿನಾರನೇ ತಿಂಗಳ ಕೊನೆಯ ನಾಲ್ಕು ಚೌಕಗಳು 2030ರಿಂದ 2050ರವರೆಗಿನವು. ಅಲ್ಲಿ ಮಗು ತಾನು ದೊಡ್ಡವನಾದ ಮೇಲೂ, ದೊಡ್ಡವಳಾದ ಮೇಲೂ ಆಡಬೇಕೆನ್ನುವ ಒಂದು ಮನೆಮಾತನ್ನು ಬರೆಯುತ್ತದೆ. ಯಾವ ಮಾತೆಂದು ನೀವು ಹೇಳಿಕೊಡಬೇಡಿ. ಚೀಟಿಗಳನ್ನು ಜೂನ್ ಎರಡನೇ ಶನಿವಾರದೊಳಗೆ ಕನ್ನಡ ಶಿಕ್ಷಕರಿಗೆ ತಲುಪಿಸಿ.

ಇಂತಿ ತಮ್ಮ ವಿಶ್ವಾಸಿ,
ಮುಖ್ಯೋಪಾಧ್ಯಾಯರು